ಬಚ್ಚಲ ಒಲೆಗೆ ಬೆಂಕಿ ಹಾಕಿ ಸಿನೆಮಾಕ್ಕೆ ಹೋದವರು

ಕೊಲೆಯ ಸಿನೆಮಾಕ್ಕೆ ಜನ ಹೋಗುವುದೇ ಕೊಂದವರು ಯಾರು ಎಂದು ತಿಳಿಯುವುದಕ್ಕೆ. ಅದು ಗೊತ್ತಾಗದೆ ನಡುವೆ ಎದ್ದು ಬಂದರೆ ಊಟ ಸೇರುವುದಿಲ್ಲ ಎನ್ನುವವರನ್ನು ನಾನು ಕಂಡಿದ್ದೇನೆ. ಹಾಗಿದ್ದರೆ ನನ್ನ ಗತಿ ಏನಾಗಿರಬೇಕು, ನೀವೇ ಹೇಳಿ ಮಕ್ಕಳೇ. ಕಾರವಾರದ ಟಾಕೀಸಿನಲ್ಲಿ ಟಿಕೆಟು ತೆಗೆದು, ಕುರ್ಚಿಯ ಮೇಲೆ ನೆಟ್ಟಗೆ ಕುಳಿತು ನಾನು ಹದಿನಾರು ಕೊಲೆಯ ಸಿನೆಮಾ ನೋಡಿದ್ದೇನೆ. ಆ ಹದಿನಾರರಲ್ಲಿ ಒಂದರಲ್ಲೂ ಕೊಂದವರು ಯಾರೆಂದು ನನಗೆ ಇವತ್ತಿಗೂ ಗೊತ್ತಿಲ್ಲ. ನಿದ್ದೆ ಮಾಡಿದೆ ಎಂದಲ್ಲ, ಕಥೆ ತಿಳಿಯಲಿಲ್ಲ ಎಂದೂ ಅಲ್ಲ. ಆ ಸಿನೆಮಾಗಳಲ್ಲಿ ನಿಮ್ಮ ಅಜ್ಜ ಪಾತ್ರ ಮಾಡಿದ್ದರು. ಅದೇ ಕಾರಣ.

ಅಜ್ಜನ ಕಥೆ ಬರೆದುಕೊಡು ಎಂದು ನೀವು ನೋಟುಬುಕ್ಕು ತಂದುಕೊಟ್ಟು ತಿಂಗಳಾಯಿತು. ನಾನು ತವರೂರಾದ ಕಿನ್ನರದ ಶಾಲೆಯಲ್ಲಿ ಏಳನೆಯ ಇಯತ್ತೆಯವರೆಗೆ ಕಲಿತವಳು. ಕಲಿಯುವುದಕ್ಕೆ ಬುದ್ಧಿ ಕಡಿಮೆ ಇರಲಿಲ್ಲ, ಬಾಯಿ ಕಡಿಮೆ ಇತ್ತು. ಮಾಸ್ತರರು ಹೆಸರು ಕರೆದಾಗ 'ಹಾಜರ್' ಎಂದು ಹೇಳಲು ನಾಚಿಕೆಯಾಗಿ ಸುಮ್ಮನಿರುತ್ತಿದ್ದೆ. ಒಂದು ವರ್ಷವಿಡೀ ಎರಡನೆಯ ಸಾಲಿನಲ್ಲಿ ಕುಳಿತೇ ಗೈರುಹಾಜರಾಗಿದ್ದೆ. ಇಂಥವಳು ಒಂದು ದಿನ ಐವತ್ತು ಜನ ಗಂಡಸರ ಎದುರಿಗೆ ನಿಂತು ಸಿನೆಮಾದ ಕಥೆಯನ್ನೇ ತಿರುಗಿಸಿದೆ ಎಂದರೆ ನೀವು ನಂಬುವುದಿಲ್ಲ. ನಾನೂ ಅರ್ಧ ನಂಬುವುದಿಲ್ಲ. ಅದಕ್ಕೇ ಬರೆದಿಡುತ್ತಿದ್ದೇನೆ.

ನಿಮ್ಮ ಅಜ್ಜನ ಮುಖ ನಿಮಗೆ ನೆನಪಿದೆಯಲ್ಲ, ಎಡ ಹುಬ್ಬನ್ನು ಎರಡು ಭಾಗ ಮಾಡಿದ ಆ ಗಾಯದ ಗುರುತು? ಅದು ಚೂರಿಯ ಗಾಯವೆಂದು ಸಿನೆಮಾ ನೋಡಿದವರೆಲ್ಲ ತಿಳಿದಿದ್ದರು. ಹುಡುಗನಿದ್ದಾಗ ಸಮುದ್ರ ಇಳಿದ ಹೊತ್ತಿನಲ್ಲಿ ಚಿಪ್ಪಿ ಆರಿಸಲು ಹೋಗಿ, ಜಾರಿ ಕಲ್ಲಿನ ಮೇಲೆ ಬಿದ್ದದ್ದು ಅದು. ಮುಖ ಹಾಗಿದ್ದರೂ ಮನುಷ್ಯ ಜಿರಲೆ ಕಂಡರೆ ಮಂಚ ಹತ್ತುವವರು. ಕಾರವಾರದ ಒಂದು ಕಚೇರಿಯಲ್ಲಿ ಗುಮಾಸ್ತರಾಗಿದ್ದರು. ಅಂಕೋಲೆಯ ಕಡೆಯ ನಾಟಕಗಳಲ್ಲಿ ವೇಷ ಹಾಕುತ್ತಿದ್ದರು. ಒಂದು ನಾಟಕವನ್ನು ನೋಡಲು ಬಂದ ಬೆಂಗಳೂರಿನ ಸಿನೆಮಾದವರೊಬ್ಬರು ಆ ಹುಬ್ಬನ್ನು ನೋಡಿ, "ಈ ಮುಖ ನಮಗೆ ಬೇಕು" ಎಂದರು. ಎರಡು ಸಾವಿರದ ಇಸವಿಯ ಆಚೀಚೆ ಕನ್ನಡದಲ್ಲಿ ಮಚ್ಚು ಲಾಂಗುಗಳ ಸಿನೆಮಾ ಬಹಳ ಬರುತ್ತಿದ್ದ ಕಾಲ. ಹೀಗೆ ಶುರುವಾಯಿತು ನೋಡಿ, ನಿಮ್ಮ ಅಜ್ಜ ಸಾಯುವುದು.

ಮೊದಲ ಸಿನೆಮಾದಲ್ಲಿ ಗುಂಡು ತಗುಲಿ ಸತ್ತರು. ಎರಡನೆಯದರಲ್ಲಿ ಚೂರಿ. ಮೂರನೆಯದರಲ್ಲಿ ಚಹಾದಲ್ಲಿ ವಿಷ. ಆ ಚಹಾ ನಿಜವಾಗಿಯೂ ಬಹಳ ಕೆಟ್ಟದಾಗಿತ್ತಂತೆ, ಹಾಗಾಗಿ ಮುಖಭಾವ ಚೆನ್ನಾಗಿ ಬಂತಂತೆ. ಯಾವ ಸಿನೆಮಾದಲ್ಲೂ ಅವರು ಅರ್ಧ ದಾಟಿದವರಲ್ಲ. ಆದರೆ ಸಾಯುವುದನ್ನು ಅಷ್ಟು ಶ್ರದ್ಧೆಯಿಂದ ಸತ್ತವರು ಬೇರೆ ಯಾರೂ ಇರಲಿಕ್ಕಿಲ್ಲ. ಹಟ್ಟಿಕೇರಿಯ ನಮ್ಮ ಮನೆಯ ಜಗಲಿಯ ಮೇಲೆ ಬೆಳಿಗ್ಗೆಯಿಂದ ಅಭ್ಯಾಸ ಮಾಡುತ್ತಿದ್ದರು. ಎದೆ ಹಿಡಿದುಕೊಂಡು, ಕಂಬಕ್ಕೆ ಒರಗಿ, ಮೆಲ್ಲಗೆ ಕುಸಿದು, ಕಾಲನ್ನು ಎರಡು ಸಲ ಅಲ್ಲಾಡಿಸಿ ಸಾಯುತ್ತಿದ್ದರು. "ಮೊದಲು ಕಣ್ಣು ಹೋಗ್ಬೇಕೇನೇ, ಕೈ ಹೋಗ್ಬೇಕೇನೇ?" ಎಂದು ನನ್ನನ್ನು ಕೇಳುತ್ತಿದ್ದರು. ನಾನು ಕಸಬರಿಗೆ ಹಿಡಿದುಕೊಂಡು, "ಯಾವ್ದಾದ್ರೂ ಹೋಗ್ಲಿ, ಸ್ವಲ್ಪ ಆಚೆ ಸರಿದು ಸಾಯಿರಿ, ಗುಡಿಸ್ಬೇಕು" ಎನ್ನುತ್ತಿದ್ದೆ.

ಒಂದು ದಿನ ಹೀಗೆ ಅವರು ಜಗಲಿಯಲ್ಲಿ ಬಿದ್ದುಕೊಂಡಿದ್ದಾಗ ಮೀನು ಮಾರುವ ದುರ್ಗಿ ಬುಟ್ಟಿ ಹೊತ್ತು ಬಂದಳು. ನೋಡಿದ್ದೇ ತಡ, "ಅಯ್ಯೋ ಬಾಯೇ, ನಾಯ್ಕರು ಹೋದ್ರಲ್ಲೇ!" ಎಂದು ಕೇರಿಗೆಲ್ಲ ಕೇಳುವಂತೆ ಕೂಗಿದಳು. ಇವರು ಸತ್ತಲ್ಲಿಂದಲೇ ತಲೆ ಎತ್ತಿ, "ಬಂಗಡೆ ತಂದ್ಯನೇ ದುರ್ಗಿ?" ಎಂದರು. ಬುಟ್ಟಿ ನೆಲಕ್ಕೆ ಬಿತ್ತು. ಅಂಗಳದ ತುಂಬ ಬಂಗಡೆ, ಬಂಗಡೆಯ ಹಿಂದೆ ನಾಲ್ಕು ಬೆಕ್ಕು. ಆಮೇಲೆ ದುರ್ಗಿ ಬೇಲಿಯ ಹೊರಗೇ ನಿಂತು, "ಇವತ್ತು ಜೀವ ಇದ್ಯಾ ಬಾಯಿ?" ಎಂದು ಕೇಳಿ, ನಾನು ಇದೆ ಎಂದ ಮೇಲೆಯೇ ಒಳಗೆ ಬರುತ್ತಿದ್ದಳು. ಕಚೇರಿಯಲ್ಲೂ ಅಷ್ಟೇ. ಇವರು ರಜೆಯ ಅರ್ಜಿ ಹಿಡಿದು ಹೋದರೆ ಸಾಹೇಬರು ಓದುವ ಮೊದಲೇ, "ಈ ಸಲ ಎಲ್ಲಿ ಸಾಯೋದು, ನಾಯ್ಕರೇ? ಎರಡು ದಿನ ಸಾಕಾ?" ಎಂದು ಕೇಳುತ್ತಿದ್ದರಂತೆ.

ಇನ್ನು ನನ್ನ ಅತ್ತೆಯ ವಿಷಯಕ್ಕೆ ಬರುತ್ತೇನೆ. ಅಂದರೆ ನಿಮ್ಮ ಮುತ್ತಜ್ಜಿ. ಆಗಲೇ ಎಂಬತ್ತು ದಾಟಿದ್ದವರು. ಸಾವಿನ ಮನೆಗೆ ಹೋಗಿ ಬಂದವರು ಮೀಯದೆ ಒಳಗೆ ಬರಬಾರದು, ಏನೂ ತಿನ್ನಬಾರದು, ಯಾರನ್ನೂ ಮುಟ್ಟಬಾರದು ಎನ್ನುವುದು ನಮ್ಮಲ್ಲಿ ಎಲ್ಲರೂ ನಡೆಸುವ ಕ್ರಮ. ಅತ್ತೆ ಅದನ್ನು ಟಾಕೀಸಿಗೂ ತಂದರು. ಮೊದಲನೆಯ ಸಿನೆಮಾಕ್ಕೆ ನಾವು ಮೂವರೂ ಹೋಗಿದ್ದೆವು, ಅತ್ತೆಯ ಒಂದು ಬದಿಗೆ ನಾನು, ಇನ್ನೊಂದು ಬದಿಗೆ ನಿಮ್ಮ ಅಜ್ಜ. ತೆರೆಯ ಮೇಲೆ ಇವರಿಗೆ ಗುಂಡು ಬಿತ್ತು, ಎದೆ ಹಿಡಿದುಕೊಂಡರು, ಕುಸಿದರು, ಕಾಲು ಎರಡು ಸಲ ಅಲ್ಲಾಡಿತು. ಅತ್ತೆ ಎದ್ದು ನಿಂತು ನನ್ನ ಕಡೆ ತಿರುಗಿದರು.

"ಏಳೇ ತಂಗೀ, ಮನೆಗೆ ಹೋಗ್ವಾ. ಮೀಬೇಕು."

"ಅವ್ವಾ, ನಾ ಇಲ್ಲೇ ಇದ್ದೆ ಅಲ್ದಾ! ನಿನ್ನ ಪಕ್ಕಕ್ಕೇ ಕೂತ್ಕಂಡಿದ್ದೆ!" ಎಂದು ನಿಮ್ಮ ಅಜ್ಜ ಸೆರಗು ಹಿಡಿದರು.

ಅತ್ತೆ ಸೆರಗು ಬಿಡಿಸಿಕೊಂಡು ಹೇಳಿದರು, "ಮುಟ್ಬೇಡ. ನೀನೂ ಮೀಬೇಕು."

ಹೀಗೆ ತನ್ನ ಸಾವಿಗೆ ತಾನೇ ಮಿಂದ ಮನುಷ್ಯ ಈ ಜಿಲ್ಲೆಯಲ್ಲಿ ನಿಮ್ಮ ಅಜ್ಜ ಒಬ್ಬರೇ ಇರಬೇಕು. ಅತ್ತೆಗೆ ಅದು ಸುಳ್ಳು ಎಂದು ಗೊತ್ತಿರಲಿಲ್ಲ ಎಂದು ತಿಳಿಯಬೇಡಿ. ನಮ್ಮೆಲ್ಲರಿಗಿಂತ ಚುರುಕಾಗಿದ್ದರು. "ಸುಳ್ಳಂತ ನಂಗೂ ಗೊತ್ತದೆ. ಸುಳ್ಳಾದ್ರೂ ನೋಡಿದ್ದು ಈ ಕಣ್ಣೇ ಅಲ್ದಾ?" ಎನ್ನುತ್ತಿದ್ದರು. ಒಂದು ಸಲ ನಾನು ಧೈರ್ಯ ಮಾಡಿ, ಇವರಿಗಿಂತ ಮೊದಲು ಅದೇ ಸಿನೆಮಾದಲ್ಲಿ ಮೂರು ಜನ ಸತ್ತರಲ್ಲ, ಆಗ ಯಾಕೆ ಏಳಲಿಲ್ಲ ಎಂದು ಕೇಳಿದೆ. "ಅವರ ಮನೆಯವರು ಮೀತಾರೆ. ನನ್ನ ಮಗನಿಗೆ ನಾ ಅಲ್ದೆ ಯಾರು ಮೀಬೇಕು?" ಎಂದರು. ಇದಕ್ಕೆ ಏಳನೆಯ ಇಯತ್ತೆಯಲ್ಲಿ ಉತ್ತರ ಕಲಿಸಿರಲಿಲ್ಲ.

ಆ ದಿನದಿಂದ ಅದೇ ಪದ್ಧತಿಯಾಯಿತು. ಇವರ ಸಿನೆಮಾ ಬಂತೆಂದರೆ ನಾನು ಬೆಳಿಗ್ಗೆ ಬಚ್ಚಲ ಹಂಡೆಗೆ ನೀರು ತುಂಬಿ, ಒಲೆಗೆ ಬೆಂಕಿ ಹಾಕಿ, ದೊಡ್ಡ ಕೊರಡೊಂದನ್ನು ಇಟ್ಟು ಹೊರಡುತ್ತಿದ್ದೆ. ಮಧ್ಯಾಹ್ನದ ಆಟ. ಅರ್ಧಕ್ಕೇ ಎದ್ದು ಬರುವುದರಿಂದ ಮೂರೂವರೆಯ ಬಸ್ಸು ಸಿಗುತ್ತಿತ್ತು. ಬಸ್ಸಿನಲ್ಲಿ ಸೀಟು ಖಾಲಿ ಇದ್ದರೂ ಅತ್ತೆ ಮುಟ್ಟುತ್ತಿರಲಿಲ್ಲ, ಬಿಣಗಾ ಘಟ್ಟದ ತಿರುವುಗಳಲ್ಲೂ ಕಂಬಿ ಹಿಡಿದು ನಿಂತೇ ಬರುತ್ತಿದ್ದರು. ಅವರು ನಿಂತರೆ ನಾವು ಕೂರುವುದು ಹೇಗೆ? ಇಡೀ ಬಸ್ಸು ಖಾಲಿ, ನಾವು ಮೂವರು ಮಾತ್ರ ಸಾಲಾಗಿ ನಿಂತವರು. ಕಂಡಕ್ಟರು ಒಮ್ಮೆ ಮೆಲ್ಲಗೆ, "ಎಂತ ಆತು ಅಮ್ಮಾ, ಯಾರು ಹೋದ್ರು?" ಎಂದು ಕೇಳಿದ. ಅತ್ತೆ ನಿಮ್ಮ ಅಜ್ಜನ ಕಡೆಗೆ ಬೆರಳು ಮಾಡಿ, "ಇವ" ಎಂದರು. ಪಾಪ, ಆತ ನೇರ ಮುಂದಿನ ಬಾಗಿಲಿಗೆ ಹೋಗಿ ನಿಂತ.

ನಗುತ್ತಿದ್ದೀರಿ. ನಾವೂ ನಗುತ್ತಿದ್ದೆವು. ಆದರೆ ನಿಮ್ಮ ಅಜ್ಜ ನಗು ಮುಗಿದ ಮೇಲೆ ಅವ್ವನ ಮುಖವನ್ನೇ ನೋಡುತ್ತ ಕೂರುತ್ತಿದ್ದರು. ಹನ್ನೆರಡು, ಹದಿಮೂರು ಎಂದು ಸಿನೆಮಾಗಳ ಸಂಖ್ಯೆ ಏರುತ್ತ ಹೋಯಿತು, ಅತ್ತೆಯ ಕಣ್ಣು ಮಂಜಾಗುತ್ತ ಬಂತು. ಹದಿನಾರನೆಯ ಸಾವನ್ನು ನೋಡಿ ಮಿಂದು ಬಂದ ಸಂಜೆ ಇವರು ನನ್ನೊಡನೆ, "ಅವ್ವ ನನ್ನದೊಂದು ಸಿನೆಮಾ ಪೂರ್ತಿ ನೋಡ್ಬೇಕಾಗಿತ್ತು ಕಣೇ. ಅವಳ ಕಣ್ಣಿರೂದ್ರೊಳಗೆ ಒಂದ್ರಲ್ಲಾದ್ರೂ ನಾ ಕೊನೆವರೆಗೆ ಬದುಕ್ಬೇಕು" ಎಂದರು. ದೊಡ್ಡ ಪಾತ್ರ ಬೇಕೆಂದು ಕೇಳಲಿಲ್ಲ, ಹೆಸರು ಬೇಕೆಂದೂ ಕೇಳಲಿಲ್ಲ. ಉಸಿರಾಡುತ್ತ ಇದ್ದರೆ ಸಾಕು, ಅಷ್ಟೇ. ನನಗೇನೋ ಒಬ್ಬ ಕೊಲೆಗಾರನಾದರೂ ಸಿಕ್ಕರೆ ಸಾಕಾಗಿತ್ತು.

ಹದಿನೇಳನೆಯ ಸಿನೆಮಾದ ಚಿತ್ರೀಕರಣಕ್ಕೆ ಅವರೆಲ್ಲ ನಮ್ಮ ಕಡೆಗೇ ಬಂದರು. ಮೀನು ಬಂದರಿನಲ್ಲಿ ಒಂದರ ಹಿಂದೆ ಒಂದು ನಾಲ್ಕು ಕೊಲೆಯಾಗುವ ಕಥೆ. ಇವರದು ಬಂದರಿನ ಐಸ್ ಕಾರ್ಖಾನೆಯ ಮ್ಯಾನೇಜರ ಪಾತ್ರ. ನಾಲ್ಕನೆಯ ಹೆಣ ಇವರದೇ. ಸದಾಶಿವಗಡದ ಕೆಳಗೆ, ಕಾಳಿ ನದಿ ಸಮುದ್ರಕ್ಕೆ ಸೇರುವಲ್ಲಿ, ಮರಳಿನ ಮೇಲೆ ಬಿದ್ದು ಸಾಯಬೇಕು. ಮನೆಯ ಹತ್ತಿರವೇ ಬಂದಿದ್ದಾರಲ್ಲ, ತಾನು ಕೆಲಸ ಮಾಡುವುದನ್ನು ಅವ್ವ ಒಮ್ಮೆ ಕಣ್ಣಾರೆ ನೋಡಲಿ ಎಂದು ನಿಮ್ಮ ಅಜ್ಜ ನಮ್ಮಿಬ್ಬರನ್ನೂ ಕರೆದುಕೊಂಡು ಹೋದರು. ಆ ಒಂದು ತಪ್ಪಿನಿಂದಲೇ ಮುಂದಿನದೆಲ್ಲ ಆದದ್ದು.

ಅತ್ತೆಗೆ ಕೊಡೆಯ ಕೆಳಗೆ ಕುರ್ಚಿ ಹಾಕಿ ಕೊಟ್ಟಿದ್ದರು. ನಾನು ಅವರ ಹಿಂದೆ ಸೆರಗು ಹೊದ್ದು ನಿಂತಿದ್ದೆ. ನಿರ್ದೇಶಕರು ಕೂಗಿದರು, ಕ್ಯಾಮೆರಾ ತಿರುಗಿತು, ಇವರು ಎದೆ ಹಿಡಿದುಕೊಂಡು ಓಡಿ ಬಂದು ಮರಳಿನ ಮೇಲೆ ಬಿದ್ದರು. ಕಾಲು ಎರಡು ಸಲ ಅಲ್ಲಾಡಿತು. ಬಹಳ ಚೆನ್ನಾಗಿ ಸತ್ತರು. ಅಷ್ಟರಲ್ಲಿ ಅತ್ತೆ ಕುರ್ಚಿಯಿಂದ ಎದ್ದು, ಕ್ಯಾಮೆರಾದ ಮುಂದಿನಿಂದ ನೇರವಾಗಿ ನಡೆದುಹೋಗಿ, ಸೊಂಟದ ತನಕ ನೀರಿಗೆ ಇಳಿದು, ಮೂಗು ಹಿಡಿದು ಒಂದು ಮುಳುಗು ಹಾಕಿದರು.

"ಕಟ್! ಕಟ್! ಯಾರ್ರೀ ಆ ಅಜ್ಜಿ? ಯಾರ್ರೀ ಬಿಟ್ಟಿದ್ದು ಅವರನ್ನ?"

ಎಲ್ಲರೂ ಓಡಿದರು. ಅತ್ತೆಯನ್ನು ಕರೆತಂದು ಟವೆಲು ಹೊದಿಸಿ ಕುರ್ಚಿಯಲ್ಲಿ ಕೂರಿಸಿದೆವು. ಬಿಸಿ ಚಹಾ ಕೊಟ್ಟರು. ಮಿಂದಾಗಿತ್ತಲ್ಲ, ಹಾಗಾಗಿ ಚಹಾ ಕುಡಿದರು. ನಿರ್ದೇಶಕರು ಇನ್ನೊಮ್ಮೆ ತೆಗೆಯೋಣ ಎಂದರು. ಇವರು ಮತ್ತೆ ಓಡಿ ಬಂದರು, ಮತ್ತೆ ಸತ್ತರು. ಅತ್ತೆ ಟವೆಲನ್ನು ನನ್ನ ಕೈಗೆ ಕೊಟ್ಟು ಮತ್ತೆ ನೀರಿಗೆ ನಡೆದರು.

"ಅತ್ತೇ, ಈಗಷ್ಟೇ ಮಿಂದ್ರಲ್ಲ!" ಎಂದು ನಾನು ಹಿಂದೆ ಓಡಿದೆ.

"ಅದು ಆಗ ಸತ್ತಿದ್ದಕ್ಕೆ. ಈಗ ಮತ್ತೆ ಸತ್ನಲ್ಲೇ" ಎಂದರು ಅತ್ತೆ.

ಆ ಹೊತ್ತಿಗೆ ಸಮುದ್ರದ ಭರತ ಏರತೊಡಗಿತ್ತು. ನದಿಯ ಬಾಯಿಯಲ್ಲಿ ನೀರು ಏರುವಾಗ ಸೆಳೆತ ಹೇಗಿರುತ್ತದೆ ಎಂದು ಕಿನ್ನರದಲ್ಲಿ ಕಾಳಿಯ ದಂಡೆಯ ಮೇಲೆ ಬೆಳೆದ ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಎರಡನೆಯ ಮುಳುಗಿನಲ್ಲಿ ಅತ್ತೆಯ ಕಾಲು ಒಂದು ಸಲ ತಪ್ಪಿತು, ನಾನು ರಟ್ಟೆ ಹಿಡಿದು ಎಳೆದೆ. ದಡಕ್ಕೆ ಬಂದಾಗ ಅವರ ಹಲ್ಲು ಕಟಕಟ ಎನ್ನುತ್ತಿತ್ತು. ಅಲ್ಲಿ ನಿರ್ದೇಶಕರು, "ನಾಯಕ್ ಅವರೇ, ಇನ್ನೊಂದು ಸಲ ಸಾಯೋಣ, ಬೆಳಕು ಹೋಗ್ತಾ ಇದೆ" ಎನ್ನುತ್ತಿದ್ದರು. ಇವರು ಮರಳು ಕೊಡವಿಕೊಂಡು ಅವ್ವನ ಕಡೆ ನೋಡಿದರು, ನಿರ್ದೇಶಕರ ಕಡೆ ನೋಡಿದರು. ಆಗುವುದಿಲ್ಲ ಎಂದರೆ ಅದೇ ಕೊನೆಯ ಸಿನೆಮಾ. ಆಗುತ್ತದೆ ಎಂದರೆ ಅವ್ವ ಮೂರನೆಯ ಸಲ ನೀರಿಗೆ ಇಳಿಯುತ್ತಾರೆ. ಕೊನೆಗೆ ಸಾಯುವ ಜಾಗಕ್ಕೆ ಹೋಗಿ ನಿಂತರು.

ನನ್ನ ಕಾಲು ನಿರ್ದೇಶಕರ ಎದುರಿಗೆ ಹೇಗೆ ಹೋಯಿತೋ ನನಗೆ ಗೊತ್ತಿಲ್ಲ. ಸೀರೆಯ ನೀರು ಅವರ ಬೂಟಿನ ಮೇಲೆ ತೊಟ್ಟಿಕ್ಕುತ್ತಿತ್ತು. 'ಹಾಜರ್' ಎಂದು ಹೇಳಲಾರದ ಬಾಯಿಯಿಂದ ನಾನು ಹೇಳಿದೆ, "ಸಾರ್, ಇನ್ನು ಇವರನ್ನ ಸಾಯಿಸ್ಬೇಡಿ. ನಮ್ಮ ಅತ್ತೆಗೆ ಶೀತ ಆಗ್ತದೆ."

ಐವತ್ತು ಜನ ನನ್ನ ಕಡೆ ತಿರುಗಿದರು. ಆಮೇಲೆ ಒಬ್ಬರು ನಕ್ಕರು, ಇನ್ನೊಬ್ಬರು ನಕ್ಕರು. ನನಗೆ ಅಳು ಬಂತು. ಅಳು ಬಂದ ಮೇಲೆ ಮಾತು ನಿಲ್ಲಲಿಲ್ಲ. ಎಲ್ಲ ಹೇಳಿಬಿಟ್ಟೆ. ಬಚ್ಚಲ ಒಲೆ, ಮೂರೂವರೆಯ ಬಸ್ಸು, ಕಂಡಕ್ಟರು, ಎಲ್ಲ. "ಹದಿನಾರು ಸಿನೆಮಾ ಸಾರ್, ಒಂದರಲ್ಲೂ ಕೊಂದವರು ಯಾರಂತ ನನಗೆ ಗೊತ್ತಿಲ್ಲ. ಇವರಿಗೆ ಅವ್ವನ ಕಣ್ಣು ಹೋಗೂದ್ರೊಳಗೆ ಒಂದು ಸಲ ಕೊನೆವರೆಗೆ ಬದುಕ್ಬೇಕಂತ ಆಸೆ. ಆದ್ರೆ ಇವರ ಮುಖ ತೆರೆ ಮೇಲೆ ಬಂದ್ರೆ ಸಾಕು, ಟಾಕೀಸಲ್ಲಿ ಹಿಂದಿನವರು 'ಬಂದ, ಇನ್ನು ಹತ್ತು ನಿಮಿಷಕ್ಕೆ ಹೋಗ್ತಾನೆ' ಅಂತಾರೆ. ಇವರು ಸಾಯುವವರು ಅಂತ್ಲೇ ಎಲ್ಲರಿಗೂ ಗೊತ್ತು. ಇವರ ಮೇಲೆ ಯಾರಿಗೂ ಸಂಶಯ ಅಂತ ಒಂದು ಸಲವೂ ಬರ್ಲಿಲ್ಲ."

ನಿರ್ದೇಶಕರು ನಗುವುದನ್ನು ನಿಲ್ಲಿಸಿದರು. "ಏನಂದ್ರಿ? ಕೊನೇ ಮಾತು ಇನ್ನೊಂದ್ಸಲ ಹೇಳಿ" ಎಂದರು. ನಾನು ಹೆದರಿ, "ಇವರ ಮೇಲೆ ಯಾರಿಗೂ ಸಂಶಯ ಬರೂದಿಲ್ಲ ಅಂದೆ" ಎಂದೆ. ಅವರು ಕಥೆ ಬರೆಯುವವರನ್ನು ಕರೆದು, ದೋಣಿಯ ಮರೆಗೆ ಹೋಗಿ ಬಹಳ ಹೊತ್ತು ಮಾತಾಡಿದರು. ನಿಮ್ಮ ಅಜ್ಜ ನನ್ನ ಹತ್ತಿರ ಬಂದು, "ಮುಗೀತು ಬಿಡು. ನಾಳೆಯಿಂದ ಕಚೇರಿ ಒಂದೇ" ಎಂದರು. ಸಿಟ್ಟಿನಲ್ಲಿ ಹೇಳಲಿಲ್ಲ. ಒದ್ದೆ ಸೀರೆಯ ಮೇಲೆ ತಮ್ಮ ಸಿನೆಮಾದ ಕೋಟನ್ನು ಹೊದಿಸಿದರು.

ಆ ದಿನ ಮತ್ತೆ ಯಾರೂ ಸಾಯಲಿಲ್ಲ. ಮರುದಿನ ಬೆಳಿಗ್ಗೆ ನಿರ್ದೇಶಕರೇ ಹಟ್ಟಿಕೇರಿಗೆ ಬಂದು ಜಗಲಿಯಲ್ಲಿ ಕುಳಿತರು. ಐಸ್ ಕಾರ್ಖಾನೆಯ ಮ್ಯಾನೇಜರು ಸಾಯುವುದಿಲ್ಲ, ನಾಲ್ಕೂ ಕೊಲೆ ಮಾಡಿದವರು ಅವರೇ ಎಂದರು. ಎಲ್ಲರೂ ಇವ ಈಗ ಸಾಯುತ್ತಾನೆ, ಈಗ ಸಾಯುತ್ತಾನೆ ಎಂದು ಕಾಯುತ್ತಿರಬೇಕು, ಕೊನೆಯಲ್ಲಿ ಇವನೇ ಕೊಲೆಗಾರ! ನಾಲ್ಕನೆಯ ಹೆಣವಾಗಿ ಚಿತ್ರೀಕರಣದ ದೀಪ ಹಿಡಿಯುವವರಲ್ಲಿ ಒಬ್ಬರನ್ನು ಮಲಗಿಸಿದರು. ಅವರ ಮನೆಯವರು ಮಿಂದರೋ ಇಲ್ಲವೋ ತಿಳಿಯದು.

ಸಿನೆಮಾ ಕಾರವಾರಕ್ಕೆ ಬಂದ ದಿನ ನಮ್ಮ ಕೇರಿಯ ಅರ್ಧ ಜನ ನಮ್ಮೊಡನೆ ಬಂದಿದ್ದರು, ದುರ್ಗಿಯೂ ಬಂದಿದ್ದಳು. ಕಥೆ ಬದಲಾದದ್ದನ್ನು ಅತ್ತೆಗೆ ಹೇಳಿದ್ದೆವು. "ಸಿನೆಮಾದವರ ಮಾತು ಯಾರು ನಂಬ್ತಾರೆ, ನೀ ಬೆಂಕಿ ಹಾಕೇ" ಎಂದು ಅವರು ಎಂದಿನಂತೆ ಒಲೆ ಹೊತ್ತಿಸಿಯೇ ಹೊರಡಿಸಿದರು. ಟಾಕೀಸಿನಲ್ಲಿ ಕೈಚೀಲವನ್ನು ಮಡಿಲಲ್ಲಿಟ್ಟುಕೊಂಡು, ಕುರ್ಚಿಯ ತುದಿಯಲ್ಲಿ, ಈಗ ಏಳಬೇಕೋ ಆಗ ಏಳಬೇಕೋ ಎಂಬಂತೆ ಕುಳಿತರು. ಇವರು ತೆರೆಯ ಮೇಲೆ ಬಂದಾಗ ಹಿಂದಿನವನೊಬ್ಬ, "ಬಂದ. ಇನ್ನು ಹತ್ತು ನಿಮಿಷ" ಎಂದ. ಹತ್ತು ನಿಮಿಷವಾಯಿತು. ಅರ್ಧ ಗಂಟೆಯಾಯಿತು. ಅರ್ಧ ಸಿನೆಮಾ ಮುಗಿದು ದೀಪ ಹತ್ತಿತು, ಇವರು ಬದುಕಿದ್ದರು! ನಮ್ಮ ಮನೆಯ ಮೂವರೂ ಹದಿನೇಳು ಸಿನೆಮಾಗಳಲ್ಲಿ ಮೊದಲ ಸಲ ಟಾಕೀಸಿನ ಹೊರಗೆ ನಿಂತು ಶೇಂಗಾ ತಿಂದೆವು.

ಆಮೇಲಿನ ಒಂದು ಗಂಟೆ ನಾನು ಉಸಿರಾಡಿದ ನೆನಪಿಲ್ಲ. ಯಾರಾದರೂ ಚಹಾ ಕೊಟ್ಟರೆ ಅತ್ತೆ, "ಕುಡೀಬೇಡವೋ" ಎಂದು ಗಟ್ಟಿಯಾಗಿ ಹೇಳುತ್ತಿದ್ದರು. ಕೊನೆಗೂ ಆ ಇನ್ಸ್‌ಪೆಕ್ಟರು ಎಲ್ಲರನ್ನೂ ಐಸ್ ಕಾರ್ಖಾನೆಯಲ್ಲಿ ಸಾಲಾಗಿ ನಿಲ್ಲಿಸಿ, ಒಬ್ಬೊಬ್ಬರನ್ನೇ ದಾಟಿ ಬಂದು, ನಿಮ್ಮ ಅಜ್ಜನ ಎದುರಿಗೆ ನಿಂತು ಬೆರಳು ತೋರಿಸಿದರು. ಟಾಕೀಸು 'ಹಾ!' ಎಂದಿತು. ತೆರೆಯ ತುಂಬ ಆ ಹುಬ್ಬಿನ ಗಾಯ. ಇವರು ಮೆಲ್ಲಗೆ ನಕ್ಕರು. ಜಿರಲೆಗೆ ಹೆದರುವ ಮನುಷ್ಯ ಹಾಗೆ ನಕ್ಕದ್ದನ್ನು ನೋಡಿ ನಾನು ಅತ್ತೆಯ ಕೈ ಹಿಡಿದುಕೊಂಡೆ.

"ಇವ ಮಾಡಿದ್ನನೇ ಕೊಲೆ?" ಎಂದು ಅತ್ತೆ ಕೇಳಿದರು.

"ಹೌದು ಅತ್ತೆ."

"ಎಷ್ಟು?"

"ನಾಲ್ಕು."

ಅತ್ತೆ ನಾಲ್ಕು ಬೆರಳು ಮಡಿಸಿ ಎಣಿಸಿದರು. "ಇರ್ಲಿ. ಜೀವ ಇದ್ಯಲ್ಲ" ಎಂದು ಹೇಳಿ ಎರಡೂ ಕೈ ಎತ್ತಿ ಚಪ್ಪಾಳೆ ಹೊಡೆದರು. ನಾನೂ ಹೊಡೆದೆ. ದುರ್ಗಿ ಕುರ್ಚಿಯ ಮೇಲೆ ಹತ್ತಿ ಸಿಳ್ಳೆ ಹಾಕಿದಳು. ಕೇರಿಯವರೆಲ್ಲ ಎದ್ದು ನಿಂತರು. ಚಪ್ಪಾಳೆ ಕೊಲೆಗಾರನನ್ನು ಹಿಡಿದ ಪೊಲೀಸರಿಗೆ ಎಂದು ತಿಳಿದು ಉಳಿದ ಟಾಕೀಸೂ ಹೊಡೆಯಿತು. ನಾಲ್ಕು ಕೊಲೆ ಮಾಡಿದವನಿಗೆ ಹೆತ್ತ ತಾಯಿಯ ಎದುರಿಗೆ ಅಷ್ಟು ದೊಡ್ಡ ಚಪ್ಪಾಳೆ ಬೇರೆಲ್ಲೂ ಸಿಕ್ಕಿರಲಿಕ್ಕಿಲ್ಲ. ಇವರು ಕತ್ತಲಲ್ಲಿ ಅವ್ವನ ಪಕ್ಕ ಕುಳಿತು ಕಣ್ಣು ಒರೆಸಿಕೊಳ್ಳುತ್ತಿದ್ದರು.

ಹೊರಗೆ ಬರುವಾಗ ಅತ್ತೆ ಒಮ್ಮೆ ನಿಂತರು. "ಇನ್ನು ಗಲ್ಲಿಗೆ ಹಾಕ್ತಾರನೇ ಇವ್ನಿಗೆ?"

"ಹಾಕಿದ್ರೂ ಅದು ಸಿನೆಮಾ ಮುಗಿದ ಮೇಲೆ, ಅತ್ತೆ."

"ಹಂಗಾರೆ ನಮ್ಗೆ ಸಂಬಂಧ ಇಲ್ಲ" ಎಂದು ಹೇಳಿ, ಬಸ್ಸು ಹತ್ತಿ, ಎಲ್ಲಕ್ಕಿಂತ ಮುಂದಿನ ಸೀಟಿನಲ್ಲಿ ರಾಣಿಯಂತೆ ಕುಳಿತರು.

ಮನೆಗೆ ಬಂದರೆ ಹಂಡೆಯಲ್ಲಿ ನೀರು ಕುದಿಯುತ್ತಿತ್ತು. ಯಾರೂ ಮೀಯಬೇಕಾಗಿರಲಿಲ್ಲ. ಆದರೆ ಬಿಸಿನೀರನ್ನು ಹಾಗೇ ಬಿಡುವ ಹೆಂಗಸಲ್ಲ ನಮ್ಮ ಅತ್ತೆ. ಕೊಬ್ಬರಿ ಎಣ್ಣೆ ಬೆಚ್ಚಗೆ ಮಾಡಿಸಿಕೊಂಡು, ಐವತ್ತೈದು ದಾಟಿದ ಮಗನನ್ನು ಮಣೆಯ ಮೇಲೆ ಕೂರಿಸಿ, ದೀಪಾವಳಿಯ ಬೆಳಿಗ್ಗೆ ಮಾಡುವಂತೆ ನೆತ್ತಿಗೆ ಎಣ್ಣೆ ಒತ್ತಿ ತಾವೇ ಮೀಯಿಸಿದರು. "ಕಣ್ಣು ಉರೀತದೆ ಅವ್ವಾ" ಎಂದು ಕೊಲೆಗಾರ ಒಳಗಿನಿಂದ ಕೂಗುತ್ತಿದ್ದ.

ಅತ್ತೆ ಎರಡು ವರ್ಷದ ಮೇಲೆ ಹೋದರು. ಹೋಗುವವರೆಗೂ ಬಂದವರಿಗೆಲ್ಲ, "ನನ್ನ ಮಗ ನಾಲ್ಕು ಕೊಲೆ ಮಾಡಿದ್ದಾನೆ" ಎಂದು ಹೇಳುತ್ತಿದ್ದರು. ಕಳೆದ ವರ್ಷ ನಿಮ್ಮ ಅಜ್ಜನೂ ಹೋದರು. ಎದೆ ಹಿಡಿದುಕೊಳ್ಳಲಿಲ್ಲ, ಕಾಲು ಅಲ್ಲಾಡಿಸಲಿಲ್ಲ. ಜಗಲಿಯ ಅಷ್ಟು ಅಭ್ಯಾಸವೆಲ್ಲ ದಂಡವಾಯಿತು.

ಈಗ ನೀವು ಹದಿನೇಳೂ ಸಿನೆಮಾಗಳ ಸೀಡಿ ಹುಡುಕಿ ತಂದಿದ್ದೀರಿ. "ಅಜ್ಜಿ, ಈಗ ಎಬ್ಬಿಸುವವರು ಯಾರೂ ಇಲ್ಲ, ಎಲ್ಲದರ ಕೊನೆಯನ್ನೂ ನೋಡು" ಎಂದು ಮೊನ್ನೆ ಮೊದಲನೆಯದನ್ನು ಹಾಕಿದಿರಿ. ಇವರು ಎದೆ ಹಿಡಿದುಕೊಂಡರು, ಕುಸಿದರು. ನಾನು ಎದ್ದುಬಿಟ್ಟೆ. ಎಲ್ಲಿಗೆ ಅಜ್ಜಿ ಎಂದು ನೀವು ಕೇಳಿದಿರಿ, ಒಲೆ ನೋಡಿ ಬರುತ್ತೇನೆ ಎಂದು ಹೇಳಿ ಒಳಗೆ ಹೋದೆ. ಇಷ್ಟು ವರ್ಷ ಅತ್ತೆಯಿಂದಾಗಿ ಕೊನೆ ನೋಡಲಾಗಲಿಲ್ಲ ಎಂದು ಮನಸ್ಸಿನಲ್ಲೇ ದೂರಿದವಳು ನಾನು. ಇವರು ಇಲ್ಲದ ಮೇಲೆ ಆ ಸಿನೆಮಾದಲ್ಲಿ ನೋಡುವುದಕ್ಕೆ ಏನಿದೆ? ಯಾರು ಕೊಂದರೆ ನನಗೇನು?

ಒಲೆಯ ಹತ್ತಿರ ಹೋದರೆ ಬೆಂಕಿ ಉರಿಯುತ್ತಿತ್ತು, ಹಂಡೆಯ ತುಂಬ ನೀರು. ಬೆಳಿಗ್ಗೆ ನಾನೇ ಹಾಕಿದ್ದೆ, ಯಾರೂ ಹೇಳಿರಲಿಲ್ಲ. ಹಾಗಾಗಿ ಆ ಹದಿನಾರು ಸೀಡಿಗಳನ್ನು ನೀವೇ ಇಟ್ಟುಕೊಳ್ಳಿ, ಕೊಂದವರು ಯಾರೆಂದು ನನಗೆ ಹೇಳಬೇಡಿ. ಬರುವ ಭಾನುವಾರ ಹದಿನೇಳನೆಯದನ್ನು ಹಾಕಿ. ನಾನು ಎಣ್ಣೆ ಬೆಚ್ಚಗೆ ಮಾಡಿಡುತ್ತೇನೆ. ಸಿನೆಮಾ ಮುಗಿದ ಮೇಲೆ ಒಬ್ಬೊಬ್ಬರಾಗಿ ಮಣೆಯ ಮೇಲೆ ಬಂದು ಕುಳಿತುಕೊಳ್ಳಿ. ಕಣ್ಣು ಉರಿಯುತ್ತದೆ ಎಂದು ಕೂಗಿದರೆ ನಾನು ಬಿಡುವವಳಲ್ಲ.